ಚೀಲದ ಮಣ್ಣಿನ ಜೊತೆ ಬಂದ ಬುಡಕೊಳೆ

ತಾರಸಿಯಲ್ಲಿ ಕುಂಡ ಇಟ್ಟಿರುವವರು ದಯವಿಟ್ಟು ಇದನ್ನು ಓದಿ. ಮಳೆ ಶುರುವಾಗುತ್ತಿದ್ದಂತೆ ಬೆಂಗಳೂರಿನ ಬಡಾವಣೆಗಳಿಗೆ ಕೆಂಪು ಮಣ್ಣು, ಗೊಬ್ಬರ, ತೆಂಗಿನ ನಾರಿನ ಪುಡಿ ಬೆರೆಸಿದ ಚೀಲಗಳು ಗೂಡ್ಸ್ ಆಟೋದಲ್ಲಿ ಬರುತ್ತವೆ. ವಿಜಯನಗರದ ನಮ್ಮ ಮನೆಯಲ್ಲಿ ಆ ಮಣ್ಣು ತುಂಬಿದ ಕುಂಡಗಳ ಟೊಮೆಟೊ, ಕನಕಾಂಬರ ಎಲ್ಲವೂ ಹೋದವು. ಅಮ್ಮ ವರ್ಷಗಳಿಂದ ಸಾಕಿದ್ದ ದುಂಡುಮಲ್ಲಿಗೆಯೂ ಉಳಿಯಲಿಲ್ಲ.

ಮೇಲೆ ಬಿಳಿ ಬೂಷ್ಟು ಕಂಡಾಗಲೇ ಮಾರಿದವನನ್ನು ಕೇಳಿದ್ದೆವು. ‘ಗೊಬ್ಬರದಲ್ಲಿ ಸತ್ವ ಇದೆ ಎಂದರ್ಥ ಅಮ್ಮಾ, ಏನೂ ಆಗುವುದಿಲ್ಲ’ ಎಂದ. ಅರ್ಧ ಕೊಳೆತ ಗೊಬ್ಬರದ ಮೇಲೆ ಬರುವ ಹತ್ತಿಯಂಥ ಬೂಷ್ಟು ಸಾಮಾನ್ಯವಾಗಿ ನಿರುಪದ್ರವಿ, ಅದು ನಿಜ. ಕೆರೆದು ತೆಗೆದು, ನೀರು ಕಡಿಮೆ ಮಾಡಿ, ಬಿಸಿಲು ತಾಗುವಂತೆ ಇಟ್ಟರೆ ಸಾಕು. ನಮ್ಮಲ್ಲಿ ಬಂದದ್ದು ಅದಲ್ಲ. ಬಿಳಿ ಎಳೆಗಳು ಕಾಂಡದ ಬುಡವನ್ನೇ ಹಿಡಿದು ಮೇಲಕ್ಕೆ ಹರಡಿದ್ದವು. ಉಗುರು ತಾಗಿಸಿದರೆ ಕಂದು ಸಿಪ್ಪೆ ಮೆತ್ತಗೆ ಕಳಚಿ ಬರುತ್ತಿತ್ತು. ಆ ಎಳೆಗಳ ನಡುವೆ ಸಾಸಿವೆ ಗಾತ್ರದ ಕಾಳುಗಳಿದ್ದವು, ಎಳೆಯವು ಬಿಳಿ, ಬಲಿತವು ಕಂದು. ಇದು ಬುಡಕೊಳೆ ತರುವ ಸ್ಕ್ಲೆರೋಷಿಯಂ ರಾಲ್ಫ್ಸಿ ಎಂಬ ಶಿಲೀಂಧ್ರದ ಗುರುತು. ಗಿಡ ಸತ್ತರೂ ಆ ಕಾಳುಗಳು ಮಣ್ಣಿನಲ್ಲಿ ವರ್ಷಗಟ್ಟಲೆ ಬದುಕಿರುತ್ತವೆ.

ನನಗೆ ಇನ್ನೂ ಸಿಟ್ಟು ಇಳಿಯದಿರುವುದು ಆಮೇಲಿನ ವ್ಯವಹಾರದ ಬಗ್ಗೆ. ಹತ್ತಿರದ ನರ್ಸರಿಯವರು ಪ್ಲಾಸ್ಟಿಕ್ ಕವರಿನಲ್ಲಿ ಕಟ್ಟಿದ ನೀಲಿ ಪುಡಿ ಕೊಟ್ಟು, ಎಲ್ಲ ಕುಂಡಕ್ಕೂ ಸುರಿಯಿರಿ ಎಂದರು. ಹೆಸರಿಲ್ಲ, ಪ್ರಮಾಣವಿಲ್ಲ, ತಯಾರಾದ ದಿನಾಂಕವಿಲ್ಲ. ಆ ಕುಂಡಗಳ ಸಾಲಿನಲ್ಲೇ ಕಷಾಯಕ್ಕೆ ಕೀಳುವ ತುಳಸಿ, ಒಗ್ಗರಣೆಗೆ ಕೀಳುವ ಕರಿಬೇವು ಇದ್ದವು! ಶಿಲೀಂಧ್ರನಾಶಕಗಳೂ 1968ರ ಕೀಟನಾಶಕ ಕಾಯ್ದೆಯ ವ್ಯಾಪ್ತಿಗೆ ಬರುತ್ತವೆ. ಮಾರಲು ಪರವಾನಗಿ ಬೇಕು, ಪೊಟ್ಟಣದ ಮೇಲೆ ಲೇಬಲ್ ಇರಲೇಬೇಕು. ವಿಷದ ತೀವ್ರತೆ ತಿಳಿಸುವ ಕೆಂಪು, ಹಳದಿ, ನೀಲಿ ಅಥವಾ ಹಸಿರು ತ್ರಿಕೋನವಿಲ್ಲದ ಪುಡಿಯನ್ನು ಮನೆಗೆ ತರಬೇಡಿ.

ಪಕ್ಕದ ಮನೆಯವರ ಹುಲ್ಲುಹಾಸಿನಲ್ಲಿ ಅಣಬೆ ಎದ್ದಾಗಲೂ ಅದೇ ಪುಡಿಯನ್ನು ಮಾರಿದರು. ಹುಲ್ಲಿನ ಅಣಬೆಗೆ ಹೆಚ್ಚಾಗಿ ಕಾರಣ ಕೆಳಗೆ ಹೂತುಹೋದ ಮರದ ಬೇರು, ಹಲಗೆ ಚೂರು. ಮೇಲೆ ಪುಡಿ ಉದುರಿಸಿದರೆ ಅದು ಹೋಗುವುದಿಲ್ಲ. ಕೈಗವಸು ಹಾಕಿಕೊಂಡು ಕಿತ್ತು ಎಸೆಯಿರಿ, ಮಕ್ಕಳನ್ನು ದೂರವಿಡಿ. ಅವುಗಳಲ್ಲಿ ವಿಷದವೂ ಇರುತ್ತವೆ, ಅಡುಗೆಗಂತೂ ಬೇಡವೇ ಬೇಡ.

ಕಾಳು ಕಂಡ ಕುಂಡದ ಗಿಡವನ್ನು ಮಣ್ಣಿನ ಸಮೇತ ಚೀಲಕ್ಕೆ ಕಟ್ಟಿ ಎಸೆಯಿರಿ. ಕಾಂಪೋಸ್ಟ್ ಗುಂಡಿಗೂ ಬೇಡ, ಬೇರೆ ಗಿಡಕ್ಕೂ ಬೇಡ. ಕುಂಡವನ್ನು ಉಜ್ಜಿ ತೊಳೆದು ಬಿಸಿಲಿಗೆ ಒಣಗಿಸಿ. ಹೊಸ ಮಣ್ಣಿಗೆ, ರೋಗದ ಶಿಲೀಂಧ್ರವನ್ನು ತಡೆಯುವ ಟ್ರೈಕೋಡರ್ಮಾ ಬೆರೆಸಿದ ಚೆನ್ನಾಗಿ ಕಳಿತ ಕೊಟ್ಟಿಗೆ ಗೊಬ್ಬರ ಹಾಕಿ, ಆದರೆ ಜೊತೆಗೆ ತಾಮ್ರದ ಶಿಲೀಂಧ್ರನಾಶಕ ಸುರಿಯಬೇಡಿ. ಟ್ರೈಕೋಡರ್ಮಾ ಕೂಡ ಶಿಲೀಂಧ್ರವೇ, ಅದಕ್ಕೂ ಪೆಟ್ಟು ಬೀಳುತ್ತದೆ. ಮುಂದಿನ ಸಲ ಆಟೋದವನು ಬಂದರೆ ಒಂದು ಚೀಲವನ್ನು ಗೇಟಿನ ಹೊರಗೇ ಸುರಿಸಿ, ಕೈಯಾಡಿಸಿ. ಒಳಗೆ ಬಿಸಿಯಿದ್ದರೆ, ಹುಳಿ ಅಥವಾ ಮೂತ್ರದ ವಾಸನೆ ಬಂದರೆ ಗೊಬ್ಬರ ಇನ್ನೂ ಕಳಿತಿಲ್ಲ, ವಾಪಸ್ ಕಳಿಸಿ.