ಪ್ರೊಮೀಥಿಯಸ್ ಮತ್ತು ಅಲರ್ಟ್‌ಮ್ಯಾನೇಜರ್: ಸಣ್ಣ ತಂಡಕ್ಕೆ ಎಷ್ಟು ಸೂಕ್ತ?

ಸರ್ವರ್‌ಗಳ ಮೇಲೆ ನಿಗಾ ಇಡುವ ತಂತ್ರಾಂಶವನ್ನು ಆರಿಸುವಾಗ ಹೆಚ್ಚಿನವರು ಮೊದಲು ನೋಡುವುದು ಗ್ರಾಫ್‌ಗಳನ್ನು. ಅಂಥ ತಂತ್ರಾಂಶಗಳಲ್ಲೊಂದಾದ ಪ್ರೊಮೀಥಿಯಸ್‌ನ ಗ್ರಾಫ್‌ಗಳು ಸಪ್ಪೆ; ಒಳ್ಳೆಯ ಡ್ಯಾಶ್‌ಬೋರ್ಡ್ ಬೇಕೆಂದರೆ ಗ್ರಫಾನಾ ಎಂಬ ಚಿತ್ರಣ ತಂತ್ರಾಂಶವನ್ನು ಜೊತೆಗೆ ಹಾಕಿಕೊಳ್ಳಬೇಕು. ಆದರೂ ಸಣ್ಣ ತಂಡಗಳಿಗೆ ನಾನು ಇದನ್ನೇ ಸೂಚಿಸುತ್ತೇನೆ. ತೊಂದರೆಯಾದಾಗ ನಮ್ಮನ್ನು ಯಾವಾಗ ಎಬ್ಬಿಸಬೇಕು, ಯಾವಾಗ ಸುಮ್ಮನಿರಬೇಕು ಎಂಬ ವಿವೇಚನೆಯನ್ನು ನಿಯಮವಾಗಿ ಬರೆದಿಡಲು ಇದು ಧಾರಾಳ ಅವಕಾಶ ಕೊಡುತ್ತದೆ.

2012ರಲ್ಲಿ ಸೌಂಡ್‌ಕ್ಲೌಡ್ ಸಂಸ್ಥೆಯಲ್ಲಿ ಆರಂಭವಾಗಿ, 2016ರಲ್ಲಿ ಕುಬರ್ನೆಟೀಸ್ ಎಂಬ ತಂತ್ರಾಂಶದ ಬೆನ್ನಿಗೆ ಕ್ಲೌಡ್ ನೇಟಿವ್ ಕಂಪ್ಯೂಟಿಂಗ್ ಫೌಂಡೇಶನ್ ಸೇರಿದ ಈ ಮುಕ್ತ ತಂತ್ರಾಂಶವು, ಅಪ್ಲಿಕೇಶನ್‌ಗಳು ಮಾಹಿತಿ ಕಳಿಸಲಿ ಎಂದು ಕಾಯದೆ, ನಿಗದಿತ ಅಂತರದಲ್ಲಿ ತಾನೇ ಕೇಳಿ ಪಡೆಯುತ್ತದೆ. ಉತ್ತರ ಬಾರದಿದ್ದರೆ ‘ಅಪ್’ ಎಂಬ ಮೆಟ್ರಿಕ್ (ಅಳತೆ) ಸೊನ್ನೆಯಾಗುವುದರಿಂದ, ಸರ್ವರ್ ಬಿದ್ದುಹೋದ ಸುದ್ದಿ ಬೇರೆ ಏರ್ಪಾಡಿಲ್ಲದೆ ತಿಳಿಯುತ್ತದೆ.

ನಿಯಮದಲ್ಲಿ ‘ಫಾರ್’ (ತೊಂದರೆ ಎಷ್ಟು ಹೊತ್ತು ಮುಂದುವರಿದರೆ ಎಚ್ಚರಿಸಬೇಕು) ಎಂದು ಹತ್ತು ನಿಮಿಷ ಕೊಟ್ಟರೆ, ರಾತ್ರಿಯ ಬ್ಯಾಕಪ್ ವೇಳೆ ಕ್ಷಣಕಾಲ ಏರಿಳಿಯುವ ಸಿಪಿಯು ಯಾರ ನಿದ್ದೆಯನ್ನೂ ಕೆಡಿಸುವುದಿಲ್ಲ. ಡಿಸ್ಕ್ ಶೇ. 90 ತುಂಬಿತೆಂದು ಕೂಗುವ ಬದಲು, ಕಳೆದ ಆರು ಗಂಟೆಗಳ ಏರಿಕೆಯನ್ನು ನೋಡಿ, ಇನ್ನು ನಾಲ್ಕು ಗಂಟೆಗಳಲ್ಲಿ ತುಂಬಲಿದೆಯೇ ಎಂದು ಅಂದಾಜಿಸುವ ನಿಯಮವನ್ನೂ ಬರೆಯಬಹುದು. ಅರ್ಧ ವರ್ಷದಿಂದ ಶೇ. 91ರಲ್ಲೇ ನಿಂತಿರುವ ಡಿಸ್ಕ್‌ಗಾಗಿ ಯಾರೂ ಏಳಬೇಕಿಲ್ಲ. ಡೇಟಾಬೇಸ್ ಕೆಟ್ಟಾಗ ಅದನ್ನು ನೆಚ್ಚಿದ ಸೇವೆಗಳೆಲ್ಲ ಒಟ್ಟಿಗೆ ಗೋಗರೆದರೂ, ಪ್ರೊಮೀಥಿಯಸ್‌ನ ಎಚ್ಚರಿಕೆಗಳನ್ನು ಜನರಿಗೆ ತಲುಪಿಸುವ ಜೊತೆ ತಂತ್ರಾಂಶವಾದ ಅಲರ್ಟ್‌ಮ್ಯಾನೇಜರ್ ಅವನ್ನು ಗುಂಪುಗೂಡಿಸಿ ಒಂದೇ ಸಂದೇಶವಾಗಿ ಕಳಿಸಬಲ್ಲದು. ಪರಿಹಾರವಾಗದ ದೂರನ್ನು ಅದು ಮತ್ತೆ ನೆನಪಿಸುವುದು, ನಾವು ಬದಲಿಸದಿದ್ದರೆ, 4 ಗಂಟೆಗಳ ನಂತರ.

ಕೊರತೆಗಳೂ ಇವೆ. ಯಾರ ಪಾಳಿ ಎಂದು ನೋಡಿಕೊಳ್ಳುವ ವ್ಯವಸ್ಥೆ ಇದರಲ್ಲಿಲ್ಲ. ಮಾಹಿತಿ ಉಳಿಯುವುದು ಪೂರ್ವನಿಯೋಜಿತವಾಗಿ 15 ದಿನ ಮಾತ್ರ. ವರ್ಷಗಟ್ಟಲೆ ಬೇಕಾದವರು ಥಾನೋಸ್‌ನಂಥ ಇನ್ನೊಂದು ತಂತ್ರಾಂಶವನ್ನು ಕಟ್ಟಿಕೊಳ್ಳಬೇಕು. ಬಳಕೆದಾರರ ಐಡಿಯನ್ನು ಲೇಬಲ್ (ಅಳತೆಗೆ ಅಂಟಿಸುವ ಗುರುತು) ಆಗಿ ಸೇರಿಸಿದರಂತೂ ಪ್ರತಿ ಐಡಿಗೂ ಒಂದೊಂದು ಅಳತೆಗಳ ಸರಣಿ ಹುಟ್ಟಿ ಮೆಮೊರಿ ಸಾಲದಾಗುತ್ತದೆ. ಪೈಸೆಪೈಸೆ ಲೆಕ್ಕ ಬೇಕಾದ ಬಿಲ್ಲಿಂಗ್‌ಗೆ ಇದು ತಕ್ಕುದಲ್ಲ ಎಂದು ಇದರ ಕೈಪಿಡಿಯೇ ಹೇಳುತ್ತದೆ.

ಪ್ರೊಮೀಥಿಯಸ್ಸೇ ನಿಂತುಹೋದರೆ ಎಲ್ಲವೂ ಶಾಂತವಾಗಿರುವಂತೆ ಕಾಣುತ್ತದೆ. ಆದ್ದರಿಂದ ಸದಾ ಮೊಳಗುತ್ತಲೇ ಇರುವ ಒಂದು ಅಲರ್ಟ್ (ಎಚ್ಚರಿಕೆ) ಅನ್ನು ಹೊರಗಿನ ಸೇವೆಯೊಂದಕ್ಕೆ ಕಳಿಸುತ್ತಿದ್ದು, ಅದು ನಿಂತ ಕೂಡಲೇ ಫೋನ್ ಬರುವಂತೆ ಮೊದಲ ದಿನವೇ ಏರ್ಪಡಿಸಿಕೊಳ್ಳುವುದು ಒಳಿತು. ಇಷ್ಟನ್ನೆಲ್ಲ ನೋಡಿಕೊಳ್ಳಲು ವಾರಕ್ಕೆ ಅರ್ಧ ದಿನ ಕೊಡಬಲ್ಲವರು ತಂಡದಲ್ಲಿ ಇಲ್ಲದಿದ್ದರೆ, ಹಣ ಕೊಟ್ಟು ಪಡೆಯುವ ಸೇವೆಯೇ ಅಗ್ಗವಾದೀತು.