'ಅಪೀಲು ಹಾಕಿದ್ದೇನೆ' ಅಂದರೆ ನಂಬಬೇಡಿ, ನಂಬರ್ ಕೇಳಿ

ಪುಣೆಯಲ್ಲಿ ಸಿವಿಲ್ ಕೇಸು ನಡೆಸುತ್ತಿರುವ ನಮ್ಮ ಜನ ದಯವಿಟ್ಟು ಇದನ್ನು ಪೂರ್ತಿ ಓದಿ. 'ಅಪೀಲಿಗೆ ಮೂರು ತಿಂಗಳು ಟೈಮ್ ಇದೆ, ಆರಾಮಾಗಿರಿ' ಎಂದು ನಮ್ಮ ವಕೀಲರು ಹೇಳಿದ್ದರು. ಸುಳ್ಳು. ಜಿಲ್ಲಾ ಕೋರ್ಟಿಗೆ ಹೋಗುವ ಅಪೀಲಿಗೆ ಇರುವುದು 30 ದಿನ. 90 ದಿನ ಇರುವುದು ಹೈಕೋರ್ಟಿಗೆ. ಇಷ್ಟು ವರ್ಷ ಕರಿ ಕೋಟು ಹಾಕಿಕೊಂಡು ಶಿವಾಜಿನಗರ ಕೋರ್ಟಿನಲ್ಲಿ ಓಡಾಡಿದವರಿಗೆ ಇದು ಗೊತ್ತಿರಲಿಲ್ಲವಾ?

ಕೇಸು ದೊಡ್ಡದೇನಲ್ಲ. ದಾಪೋಡಿಯಲ್ಲಿ ಅಪ್ಪ ಕಟ್ಟಿಸಿದ ಮನೆ. ಹೊರಗಿನ ಮೆಟ್ಟಿಲು ತಮ್ಮ ಜಾಗಕ್ಕೆ ಬಂದಿದೆ ಎಂದು ಪಕ್ಕದವರು ದಾವೆ ಹಾಕಿದ್ದರು. ಫೆಬ್ರುವರಿ ಕೊನೆಯಲ್ಲಿ ತೀರ್ಪು ಬಂತು, ಮೆಟ್ಟಿಲು ಒಡೆಯಿರಿ ಅಂತ. ಮೇಲಿನ ಮನೆಗೆ ಅದೊಂದೇ ದಾರಿ. ಅಲ್ಲಿ ಬಾಡಿಗೆಯವರಿದ್ದಾರೆ, ಅವರೇನು ಹಗ್ಗ ಹಿಡಿದು ಹತ್ತಬೇಕಾ?

ವಕೀಲರು ನಮ್ಮ ಕಡೆಯವರೇ. ರಾಜ್ಯೋತ್ಸವದ ಊಟದಲ್ಲಿ ಪರಿಚಯವಾದವರು. ಮರಾಠಿ ಕಾಗದ ಓದಿ ಕನ್ನಡದಲ್ಲಿ ಹೇಳುತ್ತಾರಲ್ಲ, ಅಪ್ಪ ಕಣ್ಣುಮುಚ್ಚಿ ನಂಬಿದ್ದರು. ಅಪೀಲಿನ ಫೀಸು ಪೂರ್ತಿ ಮುಂಚೆಯೇ ತೆಗೆದುಕೊಂಡರು. ರಸೀದಿ ಕೇಳಿದರೆ 'ನಮ್ಮ ನಮ್ಮಲ್ಲಿ ಅದೆಲ್ಲ ಯಾಕೆ' ಅಂದರು.

ಯುಗಾದಿಗೆ ಫೋನ್ ಮಾಡಿದಾಗ, 'ತೀರ್ಪಿನ ನಕಲಿಗೆ ಅರ್ಜಿ ಹಾಕಿಯಾಗಿದೆ, ಕೋರ್ಟಿನವರು ಕೊಡುತ್ತಿಲ್ಲ, ಅದಕ್ಕೆ ಹಿಡಿಯುವ ದಿನ ಲೆಕ್ಕಕ್ಕೆ ಬರಲ್ಲ ಬಿಡಿ.' ಅವರ ಕ್ಲರ್ಕಿಗೆ ಮಾಡಿದರೆ, 'ಸಾಹೇಬ್, ನಕ್ಕಲ್ ಅಜೂನ್ ಆಲೀ ನಾಹೀ', ನಕಲು ಇನ್ನೂ ಬಂದಿಲ್ಲ ಅಂತ. ಮೇ ಬಂತು, 'ರಜೆ, ರಜೆಯ ದಿನ ಲೆಕ್ಕಕ್ಕಿಲ್ಲ.' ಜೂನ್ ಬಂತು, 'ಹಾಕಿದ್ದೇನೆ.' ನಂಬರ್ ಕೊಡಿ ಅಂದರೆ 'ಇನ್ನೂ ಬಿದ್ದಿಲ್ಲ.' ಹಾಕಿದ್ದೇನೆ, ಹಾಕಿದ್ದೇನೆ, ಇದೇ ಮಾತು!

ಕೊನೆಗೆ ನನ್ನ ಅಣ್ಣನ ಮಗ ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಅಜ್ಜನ ಹೆಸರು ಹಾಕಿ ಹುಡುಕಿದ. ಅಪೀಲು ಎಲ್ಲೂ ಇಲ್ಲ. ಇದ್ದದ್ದು ಪಕ್ಕದವರ ದರಖಾಸ್ತು. ಡಿಕ್ರಿ, ಅಂದರೆ ಕೋರ್ಟಿನ ಆದೇಶ, ಜಾರಿ ಮಾಡಿಸಿ ಅಂತ ಅವರು ಆಗಲೇ ಕೋರ್ಟಿಗೆ ಹೋಗಿದ್ದಾರೆ.

ನೇರ ವಕೀಲರ ಆಫೀಸಿಗೆ ಹೋಗಿ ಕೂತೆ, ನಕಲು ಕೊಡದೆ ಏಳಲ್ಲ ಅಂದೆ. ಕ್ಲರ್ಕ್ ಒಂದು ಫೈಲಿನ ಅಡಿಯಿಂದ ತೆಗೆದು ಕೊಟ್ಟ. ಅಂದರೆ ನಕಲು ಅಲ್ಲೇ ಬಿದ್ದಿತ್ತು. ಕೊನೆಯ ಹಾಳೆಯಲ್ಲಿ ಕೋರ್ಟಿನ ಮುದ್ರೆ, ಅದರಲ್ಲಿ ಮೂರು ತಾರೀಖು ಕೈಯಲ್ಲಿ ಬರೆದಿದ್ದಾರೆ. ಅರ್ಜಿ ಬಂದ ದಿನ, ನಕಲು ತಯಾರಾದ ದಿನ, ಕೊಟ್ಟ ದಿನ. ಅರ್ಜಿ ಬಂದ ದಿನ ಏಪ್ರಿಲ್ ಮೂರನೇ ವಾರ. ಯುಗಾದಿ ದಿನ ನನಗೆ 'ಹಾಕಿಯಾಗಿದೆ' ಅಂದಾಗ ಹಾಕಿಯೇ ಇರಲಿಲ್ಲ! 30 ದಿನ ಮುಗಿದ ಮೇಲೆ ಹಾಕಿದ್ದಾರೆ. ಆ ಹಾಳೆ ನೋಡುತ್ತಾ ನಿಂತಾಗ ನನ್ನ ಮುಖ ಹೇಗಾಗಿತ್ತೋ, ಕ್ಲರ್ಕ್ ಸುಮ್ನೆ ಕಿಟಕಿ ಕಡೆ ತಿರುಗಿಕೊಂಡ.

ನಕಲಿಗೆ ಹಿಡಿದ ದಿನ ಬಿಟ್ಟು ಲೆಕ್ಕ ಹಾಕುತ್ತಾರೆ, ನಿಜ. ಆದರೆ ಅವಧಿಯೊಳಗೆ ಅರ್ಜಿ ಹಾಕಿದ್ದರೆ ಮಾತ್ರ. ತಯಾರಾದ ಮೇಲೆ ಕ್ಲರ್ಕಿನ ಫೈಲಿನಡಿ ಕೊಳೆತ ದಿನಕ್ಕೆ ವಿನಾಯಿತಿ ಇಲ್ಲ. ರಜೆಯ ಕಥೆಯೂ ಹಾಗೇ. ಕೊನೆಯ ದಿನ ರಜೆಯಲ್ಲಿ ಬಿದ್ದರೆ ಕೋರ್ಟು ತೆರೆದ ದಿನ ಹಾಕಬಹುದು. ನಮ್ಮ ಕೊನೆಯ ದಿನ ಮಾರ್ಚ್‌ನಲ್ಲೇ ಮುಗಿದಿತ್ತು, ಅದಕ್ಕೂ ಮೇ ರಜೆಗೂ ಏನು ಸಂಬಂಧ?

ವಕೀಲರನ್ನು ಕೇಳಿದ್ದಕ್ಕೆ ಬಂದ ಉತ್ತರ ಕೇಳಿ. 'ಡಿಲೇ ಮಾಫ್ ಆಗುತ್ತೆ ಬಿಡಿ, ದಿನಾ ಆಗೋದೇ. ಅಪ್ಪನಿಗೆ ಕಾಯಿಲೆ ಇತ್ತು ಅಂತ ಅಫಿಡವಿಟ್ ಮಾಡೋಣ, ಒಂದು ಡಾಕ್ಟರ್ ಸರ್ಟಿಫಿಕೇಟ್ ತನ್ನಿ.' ಅಪ್ಪ ದಿನಾ ಬೆಳಿಗ್ಗೆ ವಾಕಿಂಗ್ ಹೋಗುತ್ತಾರೆ. ಪಕ್ಕದವರು ದಿನಾ ನೋಡುತ್ತಾರೆ. ಇವರ ತಪ್ಪು ಮುಚ್ಚಲು ಅಪ್ಪ ಕೋರ್ಟಿನಲ್ಲಿ ಸುಳ್ಳು ಪ್ರಮಾಣ ಮಾಡಬೇಕಂತೆ. ನಾನು ಆಗಲ್ಲ ಅಂದೆ. 'ಹಾಗಾದರೆ ಬೇರೆಯವರನ್ನು ನೋಡಿಕೊಳ್ಳಿ, ಬಾಕಿ ಕೊಟ್ಟು ಫೈಲು ಒಯ್ಯಿರಿ.' ಯಾವ ಬಾಕಿ? ಫೀಸಿಗೋಸ್ಕರ ಕಕ್ಷಿದಾರನ ಫೈಲು ಹಿಡಿದಿಟ್ಟುಕೊಳ್ಳುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2000ದಲ್ಲೇ ಹೇಳಿದೆ. ಹೊಸ ವಕೀಲರು ಇದನ್ನು ಹೇಳಿಕೊಟ್ಟ ಮೇಲೆ ನಾನು ಮೆಸೇಜ್ ಹಾಕಿದೆ, ಮರುದಿನ ಫೈಲು ಬಂತು.

ಹೊಸಬರು ಅಪೀಲಿನ ಜೊತೆ ಲಿಮಿಟೇಶನ್ ಕಾಯ್ದೆಯ 5ನೇ ಸೆಕ್ಷನ್ ಅರ್ಜಿ, ಅಂದರೆ ತಡವಾದದ್ದನ್ನು ಮಾಫ್ ಮಾಡಿ ಅನ್ನುವ ಅರ್ಜಿ ಹಾಕಿದ್ದಾರೆ, ನಡೆದದ್ದನ್ನು ಇದ್ದ ಹಾಗೆ ಬರೆದು. ವಕೀಲನ ತಪ್ಪಿಗೆ ಕಕ್ಷಿದಾರ ನರಳಬಾರದು ಅಂತ ಹಳೆಯ ತೀರ್ಪು ಇದೆಯಂತೆ, ಆದರೆ ಮಾಫಿ ನಮ್ಮ ಹಕ್ಕಲ್ಲ, ಜಡ್ಜಿಗೆ ಕಾರಣ ಒಪ್ಪಿಗೆಯಾಗಬೇಕು. ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿ ನಿಲ್ಲುವುದೂ ಇಲ್ಲ, ಸ್ಟೇ ಬೇರೆ ಸಿಗಬೇಕು. ಮೆಟ್ಟಿಲು ಇನ್ನೂ ನಿಂತಿದೆ, ಎಷ್ಟು ದಿನವೋ.

ತೀರ್ಪು ಬಂದ ದಿನವೇ ನಕಲಿಗೆ ಅರ್ಜಿ ಹಾಕಿಸಿ, ಅರ್ಜಿಯ ಫೋಟೋ ಇಟ್ಟುಕೊಳ್ಳಿ. ಅಪೀಲಿನ ಸಿಎನ್‌ಆರ್ ನಂಬರ್ (ಪ್ರತಿ ಕೇಸಿಗೂ ಕೋರ್ಟಿನ ದಾಖಲೆಯಲ್ಲಿ ಬೀಳುವ ನಂಬರ್) ಕೈಗೆ ಬರುವ ತನಕ ಯಾರ ಮಾತೂ ನಂಬಬೇಡಿ, ನಮ್ಮವರು ಅಂದರೆ ಇನ್ನೂ ಜಾಸ್ತಿ ನಂಬಬೇಡಿ. ಮಹಾರಾಷ್ಟ್ರ ಮತ್ತು ಗೋವಾ ಬಾರ್ ಕೌನ್ಸಿಲ್‌ಗೆ ದೂರು ಬರೆಯುತ್ತಿದ್ದೇನೆ, ಆ ಮುದ್ರೆಯ ಹಾಳೆಯನ್ನೂ ಸೇರಿಸಿ.

ಫೀಸು ವಾಪಸ್ ಕೇಳಿದ್ದೆ. 'ಡ್ರಾಫ್ಟಿಂಗ್ ಮಾಡಿದ್ದೇನಲ್ಲ' ಅಂತ ಬರೆದರು. ಆ ಡ್ರಾಫ್ಟ್ ಕಳಿಸಿ ಅಂದೆ. ನೀಲಿ ಟಿಕ್ ಬಿದ್ದಿದೆ, ಡ್ರಾಫ್ಟ್ ಬಂದಿಲ್ಲ.