ಬಾಕ್ಸ್ ಗಟ್ಟಿ ಇದೆ, ಒಳಗಿರೋ ಎಂಸಿಬಿಗಳನ್ನ ಮಾತ್ರ ನಂಬ್ಬೇಡಿ (3 ಸ್ಟಾರ್)

ಎಂಸಿಬಿ (ಕರೆಂಟ್ ಮಿತಿ ಮೀರಿದ್ರೆ ಟ್ರಿಪ್ ಆಗಿ ತಾನೇ ಆಫ್ ಆಗೋ ಸ್ವಿಚ್) ಎಲ್ಲಾ ಫಿಟ್ ಆಗೇ ಬರುತ್ತೆ ಅಂತ ಈ ಡಿಬಿ ಬಾಕ್ಸ್ (ಮನೆ ಕರೆಂಟನ್ನ ಒಂದೊಂದು ಲೈನಿಗೆ ಹಂಚೋ ಡಬ್ಬ) ತರಿಸಿದ್ದು. ಬಾಕ್ಸ್ ಬಗ್ಗೆ ದೂರಿಲ್ಲ, ತಗಡು ದಪ್ಪ ಇದೆ, ಬಾಗಿಲು ಸರಿಯಾಗಿ ಕೂರುತ್ತೆ, ನ್ಯೂಟ್ರಲ್ಲಿಗೆ ಅರ್ಥಿಂಗಿಗೆ ಬೇರೆಬೇರೆ ಪಟ್ಟಿ ಕೊಟ್ಟಿದಾರೆ, ವೈರ್ ಬಗ್ಗಿಸೋಕೆ ಜಾಗನೂ ಧಾರಾಳ. ಆದ್ರೆ ಬಾಗಿಲು ತೆಗೆದ್ರೆ ಲೈಟಿಗೂ ಸಿ32 (32 ಆಂಪ್ಸಿನ ಸಿ ಟೈಪ್ ಎಂಸಿಬಿ), ಗೀಸರಿಗೂ ಸಿ32, ಸಾಲಿಗೆ ಸಾಲೇ ಅದೇ! ಮೇಲಿಂದ "ಪದೇಪದೇ ಟ್ರಿಪ್ ಆಗೋ ತಲೆನೋವಿಲ್ಲ" ಅಂತ ಡಬ್ಬದ ಮೇಲೆ ಪ್ರಿಂಟ್ ಬೇರೆ. ಅಲ್ರೀ, ಟ್ರಿಪ್ ಆಗ್ಲಿ ಅಂತಾನೇ ಅಲ್ವಾ ಅದನ್ನ ಹಾಕ್ಸೋದು?

ಎಂಸಿಬಿ ಕಾಯೋದು ಗೋಡೆಯೊಳಗಿನ ವೈರನ್ನ, ನಿಮ್ಮ ಟೀವಿ ಫ್ರಿಜ್ಜನ್ನಲ್ಲ. ಲೈಟ್ ಲೈನಲ್ಲಿ ಸಾಮಾನ್ಯವಾಗಿ 1.5 ಸ್ಕ್ವೇರ್ ಎಂಎಂ ತಾಮ್ರದ ವೈರ್ ಇರುತ್ತೆ, ಅದಕ್ಕೆ 10 ಆಂಪ್ಸ್ ಸಾಕು. ಅಲ್ಲಿ 32 ಹಾಕಿ, ಯಾರೋ ಹೀಟರ್ ಗೀಟರ್ ಸಿಕ್ಕಿಸಿ 28 ಆಂಪ್ಸ್ ಎಳೆದ್ರು ಅಂದ್ಕೊಳಿ, ಎಂಸಿಬಿ ಆರಾಮಾಗಿ ಕೂತಿರುತ್ತೆ, ಪೈಪೊಳಗೆ ವೈರ್ ಬೇಯ್ತಾ ಇರುತ್ತೆ. 32 ಅಂದ್ರೆ 33ಕ್ಕೇ ಟ್ರಿಪ್ ಆಗಿ ಬೀಳುತ್ತೆ ಅಂತನೂ ಅಲ್ಲ, ಸ್ಟ್ಯಾಂಡರ್ಡ್ ಪ್ರಕಾರ 1.13 ಪಟ್ಟು, ಅಂದ್ರೆ ಸುಮಾರು 36 ಆಂಪ್ಸಲ್ಲಿ ಒಂದು ಗಂಟೆ ಓಡಿದ್ರೂ ಬೀಳೋ ಹಾಗಿಲ್ಲ, 1.45 ಪಟ್ಟು ಹೋದ್ರೆ, 46 ಆಂಪ್ಸ್, ಆಗ ಗಂಟೆಯೊಳಗೆ ಬೀಳ್ಬೇಕು.

ಎಲೆಕ್ಟ್ರಿಷಿಯನ್ ಒಂದೊಂದು ಲೈನ್ ವೈರ್ ದಪ್ಪ ನೋಡಿ ಬದಲಾಯಿಸಿದ್ರು. ಲೈಟಿಗೆ ಬಿ10. ಗೀಸರ್ 3 ಕಿಲೋವ್ಯಾಟ್, 230 ವೋಲ್ಟಲ್ಲಿ 13 ಆಂಪ್ಸ್ ಎಳೆಯುತ್ತೆ, ವೈರ್ 2.5, ಸೋ 16. ಏಸಿಗೆ 4 ಸ್ಕ್ವೇರ್ ಎಂಎಂ ವೈರ್ ಮೇಲೆ ಸಿ20, ಸ್ಟಾರ್ಟ್ ಆಗೋವಾಗ ಕಂಪ್ರೆಸರ್ ಒಂದು ಕ್ಷಣ ಜಾಸ್ತಿ ಕರೆಂಟ್ ಎಳೆಯುತ್ತಲ್ಲ, ಬಿ ಟೈಪ್ ಆದ್ರೆ ಅದರ ಆಂಪ್ಸಿನ 3ರಿಂದ 5 ಪಟ್ಟಿಗೇ ತಕ್ಷಣ ಬಿದ್ದುಬಿಡುತ್ತೆ, ಸಿ ಟೈಪ್ ಹಾಗೆ ಬೀಳೋದು 5ರಿಂದ 10 ಪಟ್ಟಿಗೆ. 32 ಉಳಿದಿದ್ದು 6 ಸ್ಕ್ವೇರ್ ಎಂಎಂ ವೈರ್ ಇರೋ ಅಡುಗೆ ಸ್ಟವ್ ಲೈನಿಗೆ ಮಾತ್ರ. ಒಂದೇ ಪೈಪಲ್ಲಿ ತುಂಬಾ ವೈರ್ ತುರುಕಿದ್ರೆ ಇದಕ್ಕಿಂತ್ಲೂ ಕಮ್ಮಿ ಹಾಕ್ಬೇಕಾಗಬಹುದು, ಅದು ಅವರೇ ನೋಡಿ ಹೇಳ್ಬೇಕು.

ಆರ್‌ಸಿಸಿಬಿ (ಕರೆಂಟ್ ಲೀಕ್ ಆದ್ರೆ ಆಫ್ ಮಾಡೋ ಸ್ವಿಚ್) ಒಳ್ಳೇದೇ ಕೊಟ್ಟಿದಾರೆ, 40 ಆಂಪ್ಸ್, ಲೀಕೇಜ್ ಲೆಕ್ಕ 30 ಮಿಲಿಆಂಪ್ಸ್, ಟೆಸ್ಟ್ ಬಟನ್ ಒತ್ತಿದ ತಕ್ಷಣ ಬೀಳುತ್ತೆ. ಆದ್ರೆ ಅದು ಹಿಡಿಯೋದು ಲೀಕೇಜನ್ನ, ಓವರ್‌ಲೋಡನ್ನಲ್ಲ. ಆ 40 ಅದು ತಡ್ಕೊಳೋ ಲೆಕ್ಕ ಅಷ್ಟೇ.

ಎಂಸಿಬಿ ಇಲ್ದೇ ಖಾಲಿ ಬಾಕ್ಸೂ ಮಾರ್ತಾರೆ, ತಗೊಳೋರು ಅದನ್ನೇ ತಗೊಳಿ.